ಹೈಕೋರ್ಟ್ ಆದೇಶ ಆದರೂ ಸಂಬಳದ ಹಿಂಬಾಕಿ ಬಂದಿಲ್ಲ, ನ್ಯಾಯಾಂಗ ನಿಂದನೆ ಅರ್ಜಿ ಹಾಕಬಹುದಾ?

ವರದಾ ದಂಡೆ (ಹಾವೇರಿ ಜಿಲ್ಲೆ):

ಎಲ್ಲರಿಗೂ ನಮಸ್ಕಾರ. ನಾನು 1999ರಿಂದ ಒಂದು ಕಚೇರಿಯಲ್ಲಿ ದಿನಗೂಲಿ ಪಂಪ್ ಆಪರೇಟರ್. ಹೊಳೆ ದಂಡೆಯ ನೀರೆತ್ತುವ ಬಾವಿ, ಅಂದರೆ ಜಾಕ್‌ವೆಲ್‌ನಲ್ಲಿ ಕೆಲಸ. ನಸುಕಿನ ನಾಲ್ಕಕ್ಕೆ ಮೋಟರ್ ಚಾಲೂ ಮಾಡಿದರೆ ಆರಕ್ಕೆ ಊರಿಗೆ ನೀರು. ನನ್ನ ನಂತರದ ಪಾಳಿಗೆ ಬರುವವರು ಖಾಯಂ ನೌಕರರು. ಮೋಟರ್ ಅದೇ, ಲಾಗ್ ಬುಕ್ ಅದೇ. ನನ್ನ ಸಂಬಳ ಮಾತ್ರ ಅವರದರ ಅರ್ಧವೂ ಇಲ್ಲ.

ನಾವು ಆರು ಜನ ಹೈಕೋರ್ಟಿನ ಧಾರವಾಡ ಪೀಠದಲ್ಲಿ ರಿಟ್ ಅರ್ಜಿ ಹಾಕಿದ್ದೆವು. 2024ರ ಏಪ್ರಿಲ್‌ನಲ್ಲಿ ಆದೇಶ ಆಯಿತು. ಅದರಲ್ಲಿ ಎರಡು ಮಾತು ಇವೆ. ಹುದ್ದೆಯ ವೇತನ ಶ್ರೇಣಿಯ ಕನಿಷ್ಠ ಸಂಬಳ ಕೊಡಬೇಕು, ಮೂರು ವರ್ಷದ ವ್ಯತ್ಯಾಸವನ್ನೂ ಪಾವತಿಸಬೇಕು. ಇನ್ನೊಂದು, ಖಾಯಂ ಮಾಡಬೇಕೆಂಬ ನಮ್ಮ ಮನವಿಯನ್ನು ಪರಿಗಣಿಸಬೇಕು. ಆದೇಶದ ನಕಲು ಕೈಸೇರಿದ ದಿನದಿಂದ ಮೂರು ತಿಂಗಳ ಗಡುವು. ನಕಲನ್ನು ನಾನೇ ಕಚೇರಿಗೆ ಕೊಟ್ಟಿದ್ದೇನೆ, ಜೂನ್ 10 ಇರಬೇಕು.

ಖಾಯಂ ವಿಷಯಕ್ಕೆ "ಮಂಜೂರಾದ ಹುದ್ದೆ ಇಲ್ಲ" ಅಂತ ಕಚೇರಿಯಿಂದ ಒಂದು ಹಿಂಬರಹ (ಲಿಖಿತ ಉತ್ತರ) ಬಂತು. ಹಣದ ಬಗ್ಗೆ ಒಂದು ಅಕ್ಷರವೂ ಇಲ್ಲ. ಸಾಹೇಬರು ವರ್ಗವಾದರು. ಹೊಸಬರು ಅನುದಾನ ಇಲ್ಲ, ಮೇಲ್ಮನವಿ ಹಾಕುತ್ತೇವೆ ಅನ್ನುತ್ತಾರೆ. ನಾಲ್ಕು ಸಲ ಜ್ಞಾಪನ ಪತ್ರ ಕೊಟ್ಟೆ. ಇವತ್ತಿಗೆ 2025ರ ಆಗಸ್ಟ್ 20. ನಿಂದನೆ ಅರ್ಜಿ ಹಾಕಿದರೆ ಸಾಹೇಬರನ್ನು ಬೈದ ಹಾಗೆ ಆಗುತ್ತಾ? ಇದ್ದ ಕೆಲಸಕ್ಕೂ ಕುತ್ತು ಬರುತ್ತಾ? ಮನೆಯಲ್ಲಿ ಹೆಂಡತಿ ಬೇಡ ಅನ್ನುತ್ತಿದ್ದಾಳೆ.

ಗದಗ ಟೈಪಿಸ್ಟ್ (ನಿವೃತ್ತ):

ತಮ್ಮಾ, ಹೆದರಬೇಡ. ನಿಂದನೆ ಅಂದರೆ ಬೈಗುಳ ಅಲ್ಲ. ಕೋರ್ಟ್ ಹೇಳಿದ್ದನ್ನು ಗೊತ್ತಿದ್ದೂ ಮಾಡದೇ ಇರುವುದಕ್ಕೆ ಆ ಹೆಸರು. ನಾನೂ ಹನ್ನೊಂದು ವರ್ಷ ದಿನಗೂಲಿಯಲ್ಲಿ ಟೈಪ್ ಮಾಡಿದವಳು. ತಿಂಗಳ ಕೊನೆಗೆ ಖಾಯಂನವರ ಪಗಾರ ಬಿಲ್ ಟೈಪ್ ಮಾಡುವುದು ನನ್ನದೇ ಕೆಲಸ. ಅದರಲ್ಲಿ ನನ್ನ ಹೆಸರು ಇರುತ್ತಿರಲಿಲ್ಲ. ಆ ಸಂಕಟ ನನಗೆ ಗೊತ್ತು.

ಈ ಹೋರಾಟದಲ್ಲಿ ನಮ್ಮ ಭಾಗದ ಹೆಸರು ದೊಡ್ಡದು. ಸಮಾನ ಕೆಲಸಕ್ಕೆ ಸಮಾನ ವೇತನ ಅಂತ ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ದಿನಗೂಲಿ ನೌಕರರ ಸಂಘ ಸುಪ್ರೀಂ ಕೋರ್ಟ್‌ಗೆ ಹೋಗಿತ್ತು, ತೀರ್ಪು 1990ರಲ್ಲಿ ಬಂತು. ಸರಿಯಾದ ನೇಮಕಾತಿ ಇಲ್ಲದೆ ಸೇರಿದವರಿಗೆ ಖಾಯಂ ಆಗುವ ಹಕ್ಕಿಲ್ಲ ಅಂದ ಸುಪ್ರೀಂ ಕೋರ್ಟಿನ 2006ರ ಉಮಾದೇವಿ ತೀರ್ಪು ಬಂದ ಮೇಲೆ ಎಲ್ಲ ಕಚೇರಿಗಳೂ ಅದನ್ನೇ ತೋರಿಸಿ ಬಾಗಿಲು ಹಾಕಿದವು. ಆದರೆ ಹತ್ತು ವರ್ಷ ದಾಟಿದ ಅರ್ಹರನ್ನು ಒಂದು ಸಲ ಪರಿಗಣಿಸಿ ಅಂತಲೂ ಅದರಲ್ಲೇ ಇದೆ. ಅರ್ಹರೆಲ್ಲರನ್ನೂ ನೋಡುವ ತನಕ ಆ ಕೆಲಸ ಮುಗಿದಂತಲ್ಲ ಅಂತ 2010ರಲ್ಲಿ ಸುಪ್ರೀಂ ಕೋರ್ಟ್ ಹೇಳಿತಲ್ಲ, ಅದು ನಮ್ಮ ಗದಗ ಜಿಲ್ಲಾ ಪಂಚಾಯತಿಯ ದಿನಗೂಲಿಯವರ ಕೇಸು.

ಕರಿಕೋಟಿನ ಗುಮಾಸ್ತ (ಧಾರವಾಡ):

ಅಣ್ಣಾರೆ, ಎಲ್ಲಕ್ಕಿಂತ ಮೊದಲು ತಾರೀಖು ನೋಡಿ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ ಕಲಂ 20ರ ಪ್ರಕಾರ, ತಪ್ಪು ನಡೆದ ದಿನದಿಂದ ಒಂದು ವರ್ಷದ ಒಳಗೆ ಅರ್ಜಿ ಹಾಕಬೇಕು. ಜೂನ್ 10ಕ್ಕೆ ನಕಲು ಕೊಟ್ಟಿದ್ದರೆ ಗಡುವು ಮುಗಿದಿದ್ದು 2024ರ ಸೆಪ್ಟೆಂಬರ್ 10ಕ್ಕೆ. ಅಂದರೆ ನಿಮ್ಮ ಕೈಯಲ್ಲಿ ಇರುವುದು ಮೂರೇ ವಾರ. ಜ್ಞಾಪನ ಪತ್ರ ಎಷ್ಟೇ ಕೊಟ್ಟರೂ ಈ ಒಂದು ವರ್ಷ ಹಿಗ್ಗುವುದಿಲ್ಲ. ಸುಮ್ನೆ ಪತ್ರ ಬರೆಯುತ್ತಾ ಕೂತು ಅವಧಿ ಕಳೆದುಕೊಂಡವರು ನಮ್ಮ ಆಫೀಸಿಗೇ ಎಷ್ಟೋ ಜನ ಬಂದಿದ್ದಾರೆ. ಅವರನ್ನು ವಾಪಸ್ ಕಳಿಸುವಾಗ ಹೊಟ್ಟೆ ಉರಿಯುತ್ತದೆ.

ಇನ್ನು ಆದೇಶದ ಶಬ್ದ. "ಪಾವತಿಸಬೇಕು" ಅಂತ ಇರುವುದಕ್ಕೆ ನಿಂದನೆ ಅರ್ಜಿ ನಡೆಯುತ್ತದೆ. "ಪರಿಗಣಿಸಬೇಕು" ಅಂತ ಇರುವುದಕ್ಕೆ ಅವರು ಹಿಂಬರಹ ಕೊಟ್ಟಾಗಿದೆ. ಅದು ತಪ್ಪೇ ಇರಬಹುದು, ಆದರೂ ಪರಿಗಣಿಸಿದ ಹಾಗಾಯಿತು. ಅದನ್ನು ಪ್ರಶ್ನಿಸಲು ಬೇರೆ ರಿಟ್ ಬೇಕು. ಎರಡನ್ನೂ ಒಂದೇ ಅರ್ಜಿಯಲ್ಲಿ ತುಂಬಿದರೆ ಹಣದ ಮಾತು ಹಿಂದೆ ಬೀಳುತ್ತದೆ.

ಮೇಲ್ಮನವಿ ಹಾಕುತ್ತೇವೆ ಅನ್ನುವುದು ನೆಪ. ತಡೆಯಾಜ್ಞೆ ತಂದಿದ್ದಾರಾ ಅಂತ ಕೇಳಿ. ಅರ್ಜಿಯಲ್ಲಿ ಹುದ್ದೆ ಮಾತ್ರ ಬರೆದರೆ ಸಾಲದು, ಈಗ ಆ ಕುರ್ಚಿಯಲ್ಲಿ ಇರುವವರ ಹೆಸರು ಬೇಕು. ಹೊಸಬರಿಗೆ ಆದೇಶದ ನಕಲು ಇಟ್ಟು ವಕೀಲರ ನೋಟಿಸ್ ಕಳಿಸಿ, ನಾಳೆಯೇ. ಶಿಕ್ಷೆ ಅಂದರೆ ಆರು ತಿಂಗಳವರೆಗೆ ಸಾದಾ ಸಜೆ, ಇಲ್ಲವೇ 2,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಆದರೆ ಅಲ್ಲಿಯ ತನಕ ಹೋಗುವುದು ಕಡಿಮೆ. ನಾನು ಕಂಡ ಹಾಗೆ, ಹೆಸರಿಗೆ ನೋಟಿಸ್ ಬಂದ ಮೇಲೆ ಇಲ್ಲ ಅಂದ ಅನುದಾನ ಹೇಗೋ ಸಿಗುತ್ತದೆ.

ಕಚೇರಿ ನಕಲು ಪಡೆದ ಸೀಲ್ ಇರುವ ಪ್ರತಿ ನಿಮ್ಮ ಹತ್ತಿರ ಇದೆ ತಾನೇ? ಅದಿಲ್ಲದಿದ್ದರೆ ಕಷ್ಟ.

ವರದಾ ದಂಡೆ:

ಅಕ್ಕಾರೆ, ಅಣ್ಣಾರೆ, ಇಬ್ಬರಿಗೂ ಕೈಮುಗಿದೆ. ನಿಮ್ಮ ಉತ್ತರ ಓದಿ ರಾತ್ರಿಯೇ ಟ್ರಂಕ್ ಕೆಳಗಿಳಿಸಿದೆ. ಮಗಳ ಮಾರ್ಕ್ಸ್ ಕಾರ್ಡ್‌ಗಳ ನಡುವೆ ಸಿಕ್ಕಿತು. ನೇರಳೆ ಸೀಲ್, ಅರ್ಧ ಅಳಿಸಿದೆ. ಆವಕ ಸಂಖ್ಯೆ ಕಾಣುತ್ತದೆ. ಆದರೆ ತಾರೀಖು 10 ಅಲ್ಲ, 7. ನಾನು ತಪ್ಪು ನೆನಪಿಟ್ಟಿದ್ದೆ, ಮೂರು ದಿನ ಕಮ್ಮಿಯಾಯಿತು. ಉಳಿದ ಐವರಿಗೂ ಫೋನ್ ಮಾಡಿದ್ದೇನೆ. ಹೆಂಡತಿಗೆ ಅಕ್ಕಾರ ಉತ್ತರ ಓದಿ ಹೇಳಿದೆ, ಅವಳೂ ಹೂಂ ಅಂದಳು. ನಾಳೆ ಪಾಳಿ ಮುಗಿಸಿ ಏಳರ ಬಸ್ಸಿಗೆ ಧಾರವಾಡಕ್ಕೆ ಹೊರಡುತ್ತೇವೆ.