ಹತ್ತು ನಲವತ್ತಕ್ಕೆ ಬಸ್ಸಿನ ಹತ್ತಿರ

ಸುಬ್ಬಣ್ಣ, ಜಲಜಕ್ಕ ಜಪಾನಿಗೆ ಹೋಗಿ ಬಂದು ಮೂರು ವಾರವಾಯಿತು. ನಾನು ಹೋಗಿರಲಿಲ್ಲ. ಆದರೆ ದಿನಾ ಸಂಜೆ ಅವರ ಜಗಲಿಯಲ್ಲಿ ಕೂತು ಅದನ್ನೇ ಕೇಳಿ ಕೇಳಿ, ಈಗ ನನ್ನ ಪಾಸ್‌ಪೋರ್ಟಿನಲ್ಲೂ ಒಂದು ಮುದ್ರೆ ಬಿದ್ದಿರಬೇಕು ಅನ್ನಿಸುತ್ತಿದೆ.

ನಿನ್ನೆ ಮೇಷ್ಟ್ರು ಬಂದವರು ಗೇಟಿನ ಪಕ್ಕದ ಕಂಚಿಕಾಯಿ ಗಿಡಕ್ಕೆ ಕೈ ತಾಗಿಸಿಕೊಂಡು ಬಂದರು. ಬೆರಳಲ್ಲಿ ಮುಳ್ಳು.

"ಜಲಜಾ, ಒಂದು ಚಿಮಟ ಇದ್ದರೆ ಕೊಡಮ್ಮಾ."

"ಇತ್ತು ಮೇಷ್ಟ್ರೇ. ಜಪಾನಿಗೂ ತಗೊಂಡು ಹೋಗಿದ್ದೆ. ವಾಪಸು ಬಂದದ್ದೂ ನೆನಪಿದೆ. ಆಮೇಲೆ ಕಾಣಿಸಲೇ ಇಲ್ಲ. ತಡೀರಿ, ಪಿನ್ನು ನೋಡ್ತೀನಿ."

"ಮುಳ್ಳು ತಾನಾಗೇ ಬೀಳುತ್ತೆ ಬಿಡಿ ಮೇಷ್ಟ್ರೇ," ಅಂದ ಸುಬ್ಬಣ್ಣ ಸ್ವಲ್ಪ ಅವಸರದಲ್ಲಿ. "ನಿಮಗೆ ಕನಜಾವಾ ಕಥೆ ಹೇಳಿರಲಿಲ್ಲ ಅಲ್ವಾ?"

ಹೇಳಿದ್ದ. ಎರಡು ಸಲ. ಆದರೆ ಮಂಡಕ್ಕಿ ಕಲಸಿ ಇಟ್ಟಿದ್ದರು. ಯಾರೂ ಏಳಲಿಲ್ಲ.

ವಿಷಯ ಇಷ್ಟು. ಇವರ ಮಗ ನಗೋಯಾದಲ್ಲಿ ಕೆಲಸದಲ್ಲಿದ್ದಾನೆ. ನವೆಂಬರಿನಲ್ಲಿ ಅಪ್ಪ ಅಮ್ಮನನ್ನು ಕರೆಸಿಕೊಂಡ. ಕನಜಾವಾ ತನಕ ಜೊತೆಯಲ್ಲಿ ಬಂದ. ಮಾರನೇ ದಿನ ಅವನಿಗೆ ರಜೆ ಇಲ್ಲ. ಹಾಗಾಗಿ ಇಬ್ಬರನ್ನೂ ಒಂದು ದಿನದ ಟೂರ್ ಬಸ್ಸಿಗೆ ಹತ್ತಿಸಿದ. ಬೆಳಿಗ್ಗೆ ಕೆನ್ರೊಕುಎನ್ ತೋಟ, ಮಧ್ಯಾಹ್ನ ಶಿರಕಾವಾಗೋ ಹಳ್ಳಿ, ಸಂಜೆ ತಕಾಯಾಮಾ ಪೇಟೆ, ರಾತ್ರಿ ರೈಲಿನಲ್ಲಿ ನಗೋಯಾ. ನಮ್ಮ ಕಡೆ ಇಷ್ಟು ಹೊತ್ತಿನಲ್ಲಿ ಒಂದು ಮದುವೆ ಮನೆಯ ಊಟವೂ ಮುಗಿಯುವುದಿಲ್ಲ.

"ಮೊದಲು ಹಳೇ ಟೀ ಮನೆಗಳ ಬೀದಿಗೆ ಕರೆದುಕೊಂಡು ಹೋದರು," ಅಂದ ಸುಬ್ಬಣ್ಣ. "ಬೆಳಿಗ್ಗೆ ಎಂಟೂಮುಕ್ಕಾಲು. ಒಂದು ಬಾಗಿಲೂ ತೆಗೆದಿರಲಿಲ್ಲ. ಮುಚ್ಚಿದ ಬಾಗಿಲುಗಳನ್ನು ಸಾಲಾಗಿ ತೋರಿಸಿದರು."

"ಚೆನ್ನಾಗಿದ್ದವು," ಅಂದರು ಜಲಜಕ್ಕ. "ಮರದ ಜಾಲರಿ. ನಮ್ಮ ಅಜ್ಜಿ ಮನೆಯ ಕಿಟಕಿ ಹಾಗೆ."

"ಅಜ್ಜಿ ಮನೆ ಕಿಟಕಿ ನೋಡಲು ತಾಳಗುಪ್ಪಕ್ಕೆ ಬಸ್ ಹತ್ತಿದರೆ ಸಾಕಿತ್ತಲ್ಲೇ."

ಗೈಡಮ್ಮ ಪುಟ್ಟ ಆಳು. ಕೈಯಲ್ಲಿ ಹಸಿರು ಬಾವುಟ. ಇನ್ನೊಂದು ಕೈಯಲ್ಲಿ ಗಡಿಯಾರದ ಚಿತ್ರ ಇರುವ ಒಂದು ಹಲಗೆ. ಹೋದ ಹೋದ ಕಡೆಯಲ್ಲೆಲ್ಲ ಅದರ ಮುಳ್ಳು ತಿರುಗಿಸಿ ಎತ್ತಿ ಹಿಡಿಯುತ್ತಿದ್ದರಂತೆ. ತೋಟದ ಬಾಗಿಲಲ್ಲಿ ಮುಳ್ಳು ನಿಂತದ್ದು ಹತ್ತು ನಲವತ್ತಕ್ಕೆ. ಆಗ ಗಂಟೆ ಹತ್ತಕ್ಕೆ ಹತ್ತು ನಿಮಿಷ.

"ಐವತ್ತು ನಿಮಿಷ!" ಅಂದ ಸುಬ್ಬಣ್ಣ. "28 ಎಕರೆ ತೋಟ ಮೇಷ್ಟ್ರೇ. ನನ್ನ ಎರಡು ಎಕರೆ ಅಡಿಕೆ ತೋಟ ಸುತ್ತಿ ಬರಲು ನನಗೆ ಒಂದು ಗಂಟೆ ಬೇಕು."

"ನೀವು ನಡುವೆ ಪಕ್ಕದ ತೋಟದವರ ಹತ್ತಿರ ಮಾತಿಗೆ ನಿಲ್ಲುತ್ತೀರಿ. ಅದಕ್ಕೆ," ಅಂದರು ಜಲಜಕ್ಕ.

ಮೇಷ್ಟ್ರು ಕನ್ನಡಕ ಸರಿಮಾಡಿಕೊಂಡರು. ಅಂದರೆ ಪಾಠ ಶುರು. "ಜಪಾನಿನ ಮೂರು ದೊಡ್ಡ ತೋಟಗಳಲ್ಲಿ ಅದೂ ಒಂದು, ಗೊತ್ತೇನು? ಮಿತೋದಲ್ಲಿ ಒಂದು, ಓಕಯಾಮಾದಲ್ಲಿ ಒಂದು, ಇದು ಮೂರನೆಯದು. ಶುರು ಮಾಡಿದ್ದು 1676ರಲ್ಲಿ, ಮಾಯೆದಾ ಮನೆತನದ ದೊರೆ. ನಮ್ಮ ಕೆಳದಿಯಲ್ಲಿ ಆಗ ಚೆನ್ನಮ್ಮ ಆಳುತ್ತಿದ್ದಳು."

"ನೋಡಿ, ಮೇಷ್ಟ್ರು ಹೋಗದೇ ಎಲ್ಲ ಹೇಳುತ್ತಾರೆ. ಹೋದವರಿಗೆ ಐಸ್‌ಕ್ರೀಮ್ ಮಾತ್ರ ನೆನಪು," ಅಂದರು ಜಲಜಕ್ಕ.

ಐಸ್‌ಕ್ರೀಮಿನ ವಿಷಯ ಎತ್ತಬಾರದಿತ್ತು. ಜಪಾನಿನ ಚಿನ್ನದ ರೇಕು ಹೆಚ್ಚುಕಮ್ಮಿ ಪೂರ್ತಿ ತಯಾರಾಗುವುದು ಕನಜಾವಾದಲ್ಲೇ. ಹಾಗಾಗಿ ಅಲ್ಲಿ ಐಸ್‌ಕ್ರೀಮಿಗೂ ಅಂಗೈ ಅಗಲದ ಚಿನ್ನದ ಹಾಳೆ ಸುತ್ತಿ ಕೊಡುತ್ತಾರೆ. ತೋಟದ ಟಿಕೆಟ್ 320 ಯೆನ್. ಆ ಐಸ್‌ಕ್ರೀಮಿನ ದುಡ್ಡಿನಲ್ಲಿ ಮೂವರು ತೋಟ ನೋಡಬಹುದಿತ್ತು. ಸುಬ್ಬಣ್ಣ ತಿಂದದ್ದು ಒಂದು. ಚಿನ್ನ ಮೀಸೆಗೆ ಅಂಟಿ, ಆ ದಿನದ ಎಲ್ಲ ಫೋಟೋಗಳಲ್ಲೂ ಹೊಳೆಯುತ್ತಿದೆ.

"ರುಚಿ ಹೇಗಿತ್ತು?" ಅಂದೆ.

"ಚಿನ್ನಕ್ಕೆ ರುಚಿ ಇಲ್ಲ. ಬ್ಯಾಂಕಿನಲ್ಲಿಟ್ಟರೇ ಸರಿ."

ಮೇಷ್ಟ್ರಿಗೆ ಇದು ಬೇಡ. "ಆ ತೋಟದ ಹೆಸರಿಗೆ ಆರು ಗುಣಗಳ ತೋಟ ಅಂತ ಅರ್ಥ. ವಿಶಾಲವಾಗಿರಬೇಕು, ಆದರೆ ಏಕಾಂತ ಇರಬೇಕು. ಮನುಷ್ಯರ ಕೆಲಸ ಕಾಣಬೇಕು, ಆದರೆ ಹಳೇ ಕಾಲದಿಂದ ಹಾಗೇ ಇದ್ದಂತೆ ಅನ್ನಿಸಬೇಕು. ನೀರು ಹರಿಯಬೇಕು, ಜೊತೆಗೆ ದೂರದ ನೋಟವೂ ಸಿಗಬೇಕು. ಒಂದಿದ್ದರೆ ಇನ್ನೊಂದು ಸಿಗದಂಥ ಜೋಡಿಗಳು ಇವು. ನೀರು ನಿಲ್ಲುವುದು ತಗ್ಗಿನಲ್ಲಿ, ನೋಟ ಸಿಗುವುದು ದಿಬ್ಬದ ಮೇಲೆ. ಎರಡೂ ಒಂದೇ ಕಡೆ ಅಂದರೆ ಕಷ್ಟ."

"ನಮ್ಮ ಅತ್ತಿಗೆ ಮಗಳಿಗೆ ಗಂಡು ಹುಡುಕಿದ ಹಾಗೆ," ಅಂದರು ಜಲಜಕ್ಕ. "ಹುಡುಗ ಅಮೆರಿಕದಲ್ಲಿರಬೇಕು, ಆದರೆ ವಾರಕ್ಕೊಮ್ಮೆ ಊರಿಗೆ ಬರಬೇಕು."

"ಅವಳಿಗೆ ಸಿಗಲಿಲ್ಲ. ಇವರಿಗೆ ಸಿಕ್ಕಿತು," ಅಂದ ಸುಬ್ಬಣ್ಣ. "ಹೇಗೆ ಅಂತೀರಿ? ನೀರನ್ನೇ ದಿಬ್ಬಕ್ಕೆ ತಂದಿದ್ದಾರೆ! 1632ರಲ್ಲಿ ಕೋಟೆಗೆ ಅಂತ ನದಿಯ ಮೇಲ್ಗಡೆಯಿಂದ ಕಾಲುವೆ ಹೊಡೆದಿದ್ದರಂತೆ. ಪಂಪಿಲ್ಲ, ಏನಿಲ್ಲ. ನಮ್ಮ ಅಬ್ಬಿ ನೀರೇ. ಇಲ್ಲಿ ಅಡಿಕೆ ದಬ್ಬೆಯಲ್ಲಿ ಬಚ್ಚಲಿಗೆ ಬರುತ್ತೆ, ಅಲ್ಲಿ ತೋಟಕ್ಕೆ ಬರುತ್ತೆ. ಮೇಲಿನ ಕೊಳದ ನೀರು ಕೆಳಗೆ ಕಾರಂಜಿಯಾಗಿ ಮೂರೂವರೆ ಮೀಟರ್ ಚಿಮ್ಮುತ್ತೆ. ಅದು 1861ರದ್ದು. ಕರೆಂಟ್ ಹೋದರೂ ನಿಲ್ಲುವುದಿಲ್ಲ."

ಅವನ ದನಿಯಲ್ಲಿ ಹೊಟ್ಟೆಕಿಚ್ಚಿತ್ತು. ನಮ್ಮಲ್ಲಿ ಆ ದಿನ ಬೆಳಿಗ್ಗೆಯಿಂದ ಕರೆಂಟಿರಲಿಲ್ಲ.

"ನನಗೆ ಹಿಡಿಸಿದ್ದು ಮರಕ್ಕೆ ಕಟ್ಟಿದ ಹಗ್ಗ," ಅಂದರು ಜಲಜಕ್ಕ. ಮಂಡಕ್ಕಿ ತಟ್ಟೆ ಕೆಳಗಿಟ್ಟು ಎರಡೂ ಕೈ ಎತ್ತಿ ತೋರಿಸಿದರು. "ಪೈನ್ ಮರದ ಪಕ್ಕದಲ್ಲಿ ಮರಕ್ಕಿಂತ ಎತ್ತರದ ಕಂಬ ನಿಲ್ಲಿಸುತ್ತಾರೆ. ಅದರ ತುದಿಯಿಂದ ಒಂದೊಂದು ಕೊಂಬೆಗೂ ಒಂದೊಂದು ಹಗ್ಗ. ಬಿಚ್ಚಿದ ಕೊಡೆ ಹಾಗೆ ಕಾಣುತ್ತೆ. ಆ ಕಡೆಯ ಹಿಮ ಒದ್ದೆಯಂತೆ, ಭಾರವಂತೆ, ಕೊಂಬೆ ಮುರಿಯುತ್ತಂತೆ. ಅದಕ್ಕೆ ನವೆಂಬರ್ ಒಂದನೇ ತಾರೀಕಿಗೇ ಶುರು ಮಾಡುತ್ತಾರೆ. ನಾವು ಹೋದಾಗ ಇನ್ನೂ ಕಟ್ಟುತ್ತಿದ್ದರು. ಮೇಲೊಬ್ಬ, ಕೆಳಗಿಬ್ಬರು. ಮೇಲಿನವನು ಹಗ್ಗ ಎಸೆಯುತ್ತಾನೆ, ಕೆಳಗಿನವನು ಎಳೆದು ನೋಡಿ ಗಂಟು ಹಾಕುತ್ತಾನೆ. ಎಳೆಯುವುದು ಎಷ್ಟು ಹಗುರ ಅಂತೀರಿ, ಮಗುವಿನ ಜಡೆ ಹಿಡಿದ ಹಾಗೆ."

"ನಾವು ಮಳೆಗಾಲಕ್ಕೆ ಮುಂಚೆ ಅಡಿಕೆಗೆ ಕೊಟ್ಟೆ ಕಟ್ಟುತ್ತೇವಲ್ಲ, ಹಾಗೆ," ಅಂದೆ.

"ಹಾಗೇ. ಆದರೆ ನಾವು ಕೊಳೆ ಬಂದು ಫಸಲು ಹೋದೀತು ಅಂತ ಕಟ್ಟುತ್ತೇವೆ. ಅವರ ಮರದಲ್ಲಿ ಒಂದು ಕಾಯಿಯೂ ಇಲ್ಲ. ಸುಮ್ನೆ ಮರಕ್ಕೋಸ್ಕರ. ಒಂದೇ ಮರಕ್ಕೆ ಎಂಟುನೂರಕ್ಕೂ ಜಾಸ್ತಿ ಹಗ್ಗ."

"ಕೂಲಿ ಎಷ್ಟಂತೆ?" ಅಂದೆ. ಯಾರೂ ಉತ್ತರ ಕೊಡಲಿಲ್ಲ. ಕೊನೆಕಾರರು ಈ ವರ್ಷ ಕೇಳುತ್ತಿರುವ ಕೂಲಿ ನೆನಪಾಗಿ ಜಗಲಿಯಲ್ಲಿ ಸ್ವಲ್ಪ ಹೊತ್ತು ಮೌನ.

"ಇವರು ತಡ ಮಾಡಿದ್ದು ಅಲ್ಲೇ," ಅಂತ ಜಲಜಕ್ಕ ಶುರು ಮಾಡಿದರು.

"ನಾಲ್ಕೇ ನಿಮಿಷ ಕಣೇ."

"ನಾಲ್ಕು ನಿಮಿಷ! ಹತ್ತು ಮೂವತ್ತೆಂಟಕ್ಕೆ ಮೂವತ್ತೆರಡು ಜನ ಬಸ್ಸಿನಲ್ಲಿ. ನಲವತ್ತು ಆಯಿತು, ಇವರಿಲ್ಲ. ನಲವತ್ತೊಂದು, ಇಲ್ಲ. ನಾನು ಕಿಟಕಿ ಕಡೆ ಮುಖ ಮಾಡಿ, ಇವರು ನನಗೇನೂ ಸಂಬಂಧ ಇಲ್ಲದವರ ಹಾಗೆ ಕೂತೆ. ಆದರೆ ಸೀರೆ ಉಟ್ಟವಳು ನಾನೊಬ್ಬಳೇ. ಯಾರಿಗೆ ಗೊತ್ತಾಗಲ್ಲ?"

"ಗೈಡಮ್ಮ ಬೈದರೇ?" ಅಂದರು ಮೇಷ್ಟ್ರು.

"ಬೈದಿದ್ದರೆ ಒಳ್ಳೆಯದಿತ್ತು," ಅಂದ ಸುಬ್ಬಣ್ಣ. "ನಾನು ಓಡಿ ಬಂದು ಹತ್ತಿದೆ. ಆ ಹುಡುಗಿ ನನಗೆ ಏನೂ ಅನ್ನಲಿಲ್ಲ. ಮೈಕ್ ತಗೊಂಡು, ಬಸ್ಸಿನವರಿಗೆಲ್ಲ ಸೊಂಟ ಬಗ್ಗಿಸಿ, ತಡವಾಯಿತು ಕ್ಷಮಿಸಿ ಅಂತ ತಾನೇ ಕೇಳಿಕೊಂಡಳು. ನಾನು ಮಾಡಿದ ತಪ್ಪು, ಬಗ್ಗಿದ ಸೊಂಟ ಅವಳದ್ದು. ನಮ್ಮ ಕಂಡಕ್ಟರ್ ಆಗಿದ್ದರೆ ಎರಡು ಮಾತು ಬೈದು ಮುಗಿಸುತ್ತಿದ್ದ. ನಾನೂ ಎರಡು ಮಾತು ಆಡಿ ಹಗುರಾಗುತ್ತಿದ್ದೆ. ಇದು ಆವತ್ತು ರಾತ್ರಿ ನಿದ್ದೆಯಲ್ಲೂ ಬಂತು."

"ಆ ನಾಲ್ಕು ನಿಮಿಷ ಎಲ್ಲಿ ಹೋಗಿದ್ದೆ?" ಅಂದೆ. ಹಿಂದಿನ ಎರಡು ಸಲವೂ ಅವನು ಇದನ್ನು ಹಾರಿಸಿಕೊಂಡೇ ಹೋಗಿದ್ದ.

"ಇರು, ಹೇಳ್ತೀನಿ," ಅಂದವನು ಸೀದಾ ಊಟಕ್ಕೆ ಹಾರಿದ.

ಊಟದ ಕಷ್ಟ ಜಪಾನಿಗೆ ಹೋದ ಸಸ್ಯಾಹಾರಿಗಳೆಲ್ಲ ಹೇಳುವುದೇ. ಸಾರು ಅಂದರೆ ಮೀನಿನ ಸಾರು. ಬರೀ ಸೊಪ್ಪು, ಬರೀ ನೂಡಲ್ ಅಂದುಕೊಂಡರೂ ಬೇಯಿಸಿದ್ದು ಒಣಮೀನು ಕುದಿಸಿದ ನೀರಿನಲ್ಲಿ. ಜಲಜಕ್ಕ ಬುದ್ಧಿವಂತೆ. ಬೆಳಿಗ್ಗೆಯೇ ಅಂಗಡಿಯಿಂದ ಅನ್ನದ ಉಂಡೆ ತೆಗೆದಿಟ್ಟುಕೊಂಡಿದ್ದರು. ಒಳಗೆ ಉಮೆ ಅನ್ನುವ ಕಾಯಿಯ ಉಪ್ಪಿನಕಾಯಿ.

"ಉಪ್ಪು, ಹುಳಿ, ಅಷ್ಟೇ. ಖಾರದ ಸುಳಿವಿಲ್ಲ," ಅಂದರು ಜಲಜಕ್ಕ. "ಮೂಗಿಗೆ ಹಿಡಿದರೆ ಒಂಥರಾ ಘಮ. ನಾನು ಕೈಚೀಲದಿಂದ ಅಪ್ಪೆಮಿಡಿ ತೆಗೆದು ಗೈಡಮ್ಮನಿಗೂ ಒಂದು ಕೊಟ್ಟೆ. ತಿಂದಳು. ಕಣ್ಣಲ್ಲಿ ನೀರು ಬಂತು. ಆದರೂ ಬಗ್ಗಿ ನಮಸ್ಕಾರ ಮಾಡಿದಳು."

"ನಾಲ್ಕು ನಿಮಿಷದ ಸೇಡು," ಅಂದರು ಮೇಷ್ಟ್ರು.

ನಮಸ್ಕಾರದ ಮಾತು ಬಂದದ್ದರಿಂದ ಶಿರಕಾವಾಗೋ ಬಂತು. ಅಲ್ಲಿಯ ಮನೆಗಳ ಶೈಲಿಗೆ ಗಸ್ಶೋ ಅಂತ ಹೆಸರು. ಅಂದರೆ ಕೈಮುಗಿಯುವುದು. ಎರಡು ಅಂಗೈ ಸೇರಿಸಿ ಬುಡ ಸ್ವಲ್ಪ ಅಗಲಿಸಿದರೆ ಹೇಗಿರುತ್ತದೋ, ಚಾವಣಿ ಹಾಗೆ. ಹುಲ್ಲಿನದ್ದು, ಕಡಿದಾದ ಇಳಿಜಾರು, ಹಿಮ ಜಾರಿ ಬೀಳಲಿ ಅಂತ. ತೊಲೆಗಳಿಗೆ ಮೊಳೆ ಇಲ್ಲ, ಹಗ್ಗ ಮತ್ತು ಬಳ್ಳಿಯಂಥ ಕೊಂಬೆಗಳಲ್ಲಿ ಬಿಗಿದದ್ದು. 1995ರಲ್ಲಿ ಯುನೆಸ್ಕೋ ಪಟ್ಟಿಗೆ ಸೇರಿತು. ಆದರೆ ಒಳಗೆ ಜನ ಇನ್ನೂ ಇದ್ದಾರೆ. ಬಟ್ಟೆ ಒಣಹಾಕುತ್ತಾರೆ, ಮೂಲಂಗಿ ಒಣಹಾಕುತ್ತಾರೆ. ಪ್ರವಾಸಿಗರು ಅದರದ್ದೂ ಫೋಟೋ ತೆಗೆಯುತ್ತಾರೆ.

"ಒಂದು ಮನೆಯ ಅಟ್ಟಕ್ಕೆ ಹತ್ತಿದೆವು," ಅಂದ ಸುಬ್ಬಣ್ಣ. "ಹತ್ತಿದಷ್ಟೂ ಅಟ್ಟ. ಅಲ್ಲಿ ಏನು ಸಾಕುತ್ತಿದ್ದರು ಹೇಳು ನೋಡೋಣ?"

"ರೇಷ್ಮೆ ಹುಳು," ಅಂದೆ. ಮೂರನೇ ಸಲ ಕೇಳುತ್ತಿದ್ದೇನಲ್ಲ.

"ಹೌದು! ರಾಮನಗರದವರು ನೋಡಬೇಕಿತ್ತು. ಕೆಳಗೆ ನೆಲದ ನಡುವೆ ಒಲೆ, ಅದರ ಬಿಸಿ ಅಟ್ಟದ ಹುಳುವಿಗೆ, ಹೊಗೆ ಚಾವಣಿಯ ಹುಲ್ಲಿಗೆ. ಹೊಗೆ ತಾಗಿದರೆ ಹುಲ್ಲಿಗೆ ಹುಳ ಹಿಡಿಯಲ್ಲ."

"ನಮ್ಮಮ್ಮನೂ ಅದನ್ನೇ ಹೇಳುತ್ತಿದ್ದಳು," ಅಂದರು ಜಲಜಕ್ಕ. "ಒಲೆ ಮೇಲಿನ ಅಟ್ಟದಲ್ಲಿಟ್ಟ ಬೀಜ ಕೆಡಲ್ಲ ಅಂತ. ಗ್ಯಾಸ್ ಬಂತು, ಬೀಜಕ್ಕೆಲ್ಲ ಹುಳ ಹಿಡಿಯಿತು."

"ಆ ಚಾವಣಿಯನ್ನು ಸುಮಾರು ಮೂವತ್ತು ವರ್ಷಕ್ಕೊಮ್ಮೆ ಹೊಸದಾಗಿ ಹೊದಿಸಬೇಕು. ಅದಕ್ಕೆ ಇಡೀ ಊರು ಬರುತ್ತೆ. ಇವತ್ತು ನನ್ನ ಮನೆಗೆ ನೀನು, ನಾಳೆ ನಿನ್ನ ಮನೆಗೆ ನಾನು. ಯೂಯಿ ಅಂತಾರೆ."

"ಯೂಯಿ ಅಲ್ಲವೋ, ಮುಯ್ಯಿ!" ಅಂದರು ಮೇಷ್ಟ್ರು ಎದ್ದು ಕೂತು. "ಮುಯ್ಯಾಳು. ನಮ್ಮಲ್ಲಿ ನಾಟಿಗೆ ಹೋಗುತ್ತಿರಲಿಲ್ಲವೇ?"

ಶಬ್ದ ಹತ್ತಿರ ಇದೆ ಅಂತ ಮೇಷ್ಟ್ರು ಹತ್ತು ನಿಮಿಷ ಅದನ್ನೇ ಎಳೆದರು. ಜಪಾನಿಗೂ ಸಾಗರಕ್ಕೂ ಸಂಬಂಧ ಕಟ್ಟಿಯೇ ಬಿಡುತ್ತಿದ್ದರೇನೋ, ಅಷ್ಟರಲ್ಲಿ ಕಾಫಿ ಬಂತು.

ತಕಾಯಾಮಾಕ್ಕೆ ಹೋಗುವ ದಾರಿಯಲ್ಲಿ ಹತ್ತು ಕಿಲೋಮೀಟರಿಗೂ ಉದ್ದದ ಸುರಂಗ. ಸುಬ್ಬಣ್ಣ ಅದನ್ನು ಪೂರ್ತಿ ನಿದ್ದೆ ಮಾಡಿ ದಾಟಿದ. ಊರಿನಲ್ಲಿ ಶೋಗನರ, ಅಂದರೆ ಆಗ ಜಪಾನ್ ಆಳುತ್ತಿದ್ದ ಸೇನಾಧಿಪತಿಗಳ, ಕಾಲದ ಸರ್ಕಾರಿ ಕಚೇರಿ ಇದೆ, 1692ರಿಂದ ಆ ಸೀಮೆಯ ಆಡಳಿತ ಅಲ್ಲಿಂದಲೇ ನಡೆದಿತ್ತು. ಇವರು ಅದನ್ನು ಹೊರಗಿನಿಂದ ನೋಡಿದರು. ಒಳಗೆ ನೋಡುವ ಹೊತ್ತು ದಾಂಗೋ ಅಂಗಡಿ ಎದುರು ಕಳೆಯಿತು. ಅಕ್ಕಿ ಹಿಟ್ಟಿನ ಉಂಡೆ, ಕಡ್ಡಿಗೆ ಐದು, ಸೋಯಾ ಸಾಸ್ ಸವರಿ ಕೆಂಡದ ಮೇಲೆ ಸುಟ್ಟದ್ದು. ಬೇರೆ ಕಡೆ ಸಿಹಿ ಇರುತ್ತದೆ, ತಕಾಯಾಮಾದಲ್ಲಿ ಸಿಹಿ ಇಲ್ಲ. ಮೀನಿಲ್ಲ ಅಂತ ಖಾತ್ರಿಯಾದ ಮೇಲೆ ಸುಬ್ಬಣ್ಣ ಎಂಟು ಕಡ್ಡಿ ತಿಂದ.

"ಆ ಬೀದಿಯಲ್ಲಿ ಒಂದೊಂದು ಅಂಗಡಿ ಸೂರಿನಿಂದ ದೊಡ್ಡ ಉಂಡೆ ನೇತು ಹಾಕಿದ್ದರು," ಅಂದ. "ಕಂದು ಬಣ್ಣ, ಬುಟ್ಟಿಯಷ್ಟು ದಪ್ಪ. ಓಹೋ, ಇಲ್ಲೂ ದೃಷ್ಟಿಗೆ ಬೂದುಗುಂಬಳಕಾಯಿ ಕಟ್ಟುತ್ತಾರೆ ಅಂದುಕೊಂಡೆ. ಕೆಳಗೆ ನಿಂತು ಕೈಮುಗಿದೆ."

"ಅದು ಸಾರಾಯಿ ಅಂಗಡಿ," ಅಂದರು ಜಲಜಕ್ಕ. "ಆ ಉಂಡೆ ಸುಗಿ ಮರದ ಎಲೆಯದ್ದು. ಸಾಕೆ ಅಂದರೆ ಅವರ ಅಕ್ಕಿಯ ಮದ್ಯ. ಹೊಸದು ತಯಾರಾದಾಗ ಹಸಿರು ಉಂಡೆ ಕಟ್ಟುತ್ತಾರೆ. ಅದು ಕಂದಾಗುತ್ತಾ ಹೋದ ಹಾಗೆ ಒಳಗಿನದ್ದು ಹಳತಾಯಿತು ಅಂತ ಲೆಕ್ಕ. ಇವರು ಕೈಮುಗಿದದ್ದನ್ನು ನೋಡಿ ಒಳಗಿನಿಂದ ಒಬ್ಬ ಬಂದು ಬಟ್ಟಲು ಕೊಟ್ಟ."

"ಕುಡಿದೆಯಾ?"

ಸುಬ್ಬಣ್ಣ ಕಾಫಿ ಲೋಟ ಬಾಯಿಗೆ ಅಡ್ಡ ಹಿಡಿದ.

ಜಲಜಕ್ಕ ಪಿನ್ನು ಹುಡುಕಲು ಒಳಗೆ ಹೋದರು. ಅವರು ಒಳಗೆ ಹೋದದ್ದನ್ನು ನೋಡಿಕೊಂಡು ಸುಬ್ಬಣ್ಣ ಹತ್ತಿರ ಸರಿದ.

"ಆ ನಾಲ್ಕು ನಿಮಿಷ ಕೇಳಿದೆಯಲ್ಲ. ಕೊಳದ ಹತ್ತಿರ ಎರಡು ಕಾಲಿನ ಕಲ್ಲಿನ ದೀಪ ಇದೆ. ಒಂದು ಕಾಲು ನೀರಲ್ಲಿ, ಇನ್ನೊಂದು ಗಿಡ್ಡ ಕಾಲು ದಡದ ಕಲ್ಲಿನ ಮೇಲೆ. ಎಲ್ಲರೂ ಅದರ ಮುಂದೆ ಫೋಟೋಗೆ ಸಾಲು ನಿಂತಿದ್ದರು. ನಾನು ಸಾಲು ಬೇಡ ಅಂತ ಹಿಂದೆ ಸರಿದೆ. ಅಲ್ಲಿ ಮರದ ಬುಡದಲ್ಲಿ ಪಾಚಿ. ದಪ್ಪ, ಹಸಿರು, ಕಂಬಳಿ ಹಾಸಿದ ಹಾಗೆ. ಒಬ್ಬ ಅಜ್ಜಿ, ತಲೆಗೆ ಟೋಪಿ, ಮಂಡಿಯೂರಿ ಕೂತಿದ್ದಳು. ಕೈಯಲ್ಲಿ ಚಿಕ್ಕ ಚಿಮಟ. ಪಾಚಿ ನಡುವೆ ಬಂದ ಹುಲ್ಲು, ಬಿದ್ದ ಎಲೆ, ಒಂದೊಂದೇ ಎತ್ತುತ್ತಿದ್ದಳು. ಪಾಚಿ ಅಲುಗಬಾರದು. ಒಂದು ಅಂಗೈ ಅಗಲ ಮುಗಿಸಿದಳು. ಆಮೇಲೆ ಮಂಡಿ ಸರಿಸಿ ಪಕ್ಕದ ಅಂಗೈ ಅಗಲ. ಅಲ್ಲೇ ನಿಂತುಬಿಟ್ಟೆ. ನಾವು ಇಲ್ಲಿ ಪಾಚಿಗೆ ಬ್ಲೀಚಿಂಗ್ ಪುಡಿ ಹಾಕುತ್ತೇವಲ್ಲೋ."

"ಇದನ್ನು ಹೇಳಲು ಏನು ನಾಚಿಕೆ?" ಅಂದರು ಮೇಷ್ಟ್ರು.

ಸುಬ್ಬಣ್ಣ ಉತ್ತರ ಕೊಡಲಿಲ್ಲ. ನಾನು ಲೋಟ ತೊಳೆಯಲು ಹಿತ್ತಲಿಗೆ ಹೋದೆ.

ಬಚ್ಚಲ ಹಿಂದೆ, ಅಬ್ಬಿ ನೀರು ಬೀಳುವ ಕಲ್ಲಿನ ಸುತ್ತ, ಮೊದಲು ಕೆಸುವಿನ ಗಿಡ, ಗರಿಕೆ ಎಲ್ಲ ಇತ್ತು. ಈಗ ಒಂದು ಚಾಪೆಯಷ್ಟು ಜಾಗದಲ್ಲಿ ಬರೀ ಪಾಚಿ, ಒಂದು ಕಸ ಇಲ್ಲ. ಪಕ್ಕದಲ್ಲಿ ಮಂಡಿಗೆ ಹಾಕಿಕೊಳ್ಳಲು ಮಡಿಸಿದ ಗೋಣಿಚೀಲ. ಗೋಡೆಯ ಸಂದಿನಲ್ಲಿ ಸಿಕ್ಕಿಸಿಟ್ಟ ಜಲಜಕ್ಕನ ಹುಬ್ಬಿನ ಚಿಮಟ.

ನಾನು ವಾಪಸು ಬಂದಾಗ ಜಲಜಕ್ಕ ಪಿನ್ನಿನಲ್ಲಿ ಮೇಷ್ಟ್ರ ಬೆರಳು ಕೆದಕುತ್ತಿದ್ದರು. ಮೇಷ್ಟ್ರು ಹಲ್ಲು ಕಚ್ಚಿಕೊಂಡು ಕೂತಿದ್ದರು.

"ಚಿಮಟ ಇದ್ದಿದ್ದರೆ ಒಂದೇ ಸಲಕ್ಕೆ ಬರುತ್ತಿತ್ತು," ಅಂದರು ಜಲಜಕ್ಕ.

ಸುಬ್ಬಣ್ಣ ನನ್ನ ಮುಖ ನೋಡಿದ. ನಾನು ಅವನ ಮುಖ ನೋಡಿದೆ. ಅವನು ಎದ್ದು, ಮೇಷ್ಟ್ರ ಮುಂದೆ ಸೊಂಟ ಬಗ್ಗಿಸಿ ನಿಂತ.

"ಇದೇನೋ ಇದು?" ಅಂದರು ಮೇಷ್ಟ್ರು.