ಮರಜರಿಯ ಒಣಗಿದ ಗರಿ: ಯಾವಾಗ, ಎಲ್ಲಿಗೆ ಕತ್ತರಿಸಬೇಕು?

ಮಡಿಕೇರಿ_ಹಿತ್ತಲು:
ಮನೆ ಪಕ್ಕದ ತೋಡಿನ ಬದಿಯಲ್ಲಿ ಮರಜರಿ (ಮರದ ಹಾಗೆ ಕಾಂಡ ಬಿಡುವ ಜರಿಗಿಡ, ಟ್ರೀ ಫರ್ನ್) ಇದೆ. ಕಾಂಡ ಸುಮಾರು 8 ಅಡಿ. ಮೇಲೆ ಹತ್ತು ಹಸಿರು ಗರಿ, ಕೆಳಗೆ ಒಣಗಿದ್ದು ಲಂಗದ ಹಾಗೆ ಜೋತುಬಿದ್ದಿವೆ. ಕಾಫಿ ಕಪಾತಿಗೆ (ಗಿಡದ ಕೊಂಬೆ ಸವರಲು) ಬರುವವರು, ಇದರ ತಲೆಯನ್ನೂ ತೆಗೆದರೆ ಗಿಡ್ಡವಾಗಿ ಕವಲೊಡೆಯುತ್ತದೆ ಅನ್ನುತ್ತಾರೆ. ಗರಿ ಹೆಂಚಿಗೆ ತಾಗುತ್ತಿರುವುದರಿಂದ ಕೇಳುತ್ತಿದ್ದೇನೆ. ಎಲೆಯ ಅಡಿಯಲ್ಲಿ ಕಂದು ಚುಕ್ಕಿಗಳೂ ಇವೆ, ಹುಳವೇ?

ಜರಿಗಿಡ_ನಾಪೋಕ್ಲು:
ತಲೆಗೆ ಮಾತ್ರ ಕತ್ತಿ ಹಾಕಿಸಬೇಡಿ. ಕಾಫಿಯನ್ನು ಬುಡದವರೆಗೆ ಕಡಿದರೂ ಪಕ್ಕದಿಂದ ಚಿಗುರು ಬರುತ್ತದೆ. ನಮ್ಮ ಕಡೆಯ ಮರಜರಿಗೆ ಬೆಳೆಯುವ ಮೊಗ್ಗು ಒಂದೇ, ಅದು ನೆತ್ತಿಯಲ್ಲಿರುತ್ತದೆ. ಅದು ಹೋದರೆ ಗಿಡವೇ ಹೋದಂತೆ.

ಪೂರ್ತಿ ಕಂದಾಗಿ ಕೆಳಗೆ ಬಾಗಿದ ಗರಿಯನ್ನಷ್ಟೇ ತೆಗೆಯಿರಿ. ಅರ್ಧ ಹಳದಿಯಾದದ್ದು ಇರಲಿ, ಅದರಲ್ಲಿರುವ ಸಾರ ಗಿಡಕ್ಕೆ ವಾಪಸಾಗುತ್ತಿರುತ್ತದೆ. ಗರಿ ಆರೇಳು ಅಡಿ ಉದ್ದ ಇರುವುದರಿಂದ ಮೊದಲು ನಡುವೆ ಕತ್ತರಿಸಿ ಭಾರ ಇಳಿಸಿ. ಆಮೇಲೆ ದಂಟನ್ನು ಕಾಂಡದಿಂದ 2-3 ಇಂಚು ಬಿಟ್ಟು, ಅಡಿಯಿಂದ ಅರ್ಧ ಕೊಯ್ದು, ಮೇಲಿನಿಂದ ಮುಗಿಸಿ. ಒಂದೇ ಏಟಿಗೆ ಕಡಿದರೆ ಸಿಪ್ಪೆ ಕೆಳಗಿನವರೆಗೂ ಸೀಳಿ ಬರುತ್ತದೆ. ಕೈಯಿಂದ ಎಳೆಯುವುದಂತೂ ಬೇಡವೇ ಬೇಡ, ಕಾಂಡಕ್ಕೆ ಹೊದ್ದ ಬೇರಿನ ಪದರವೂ ಕಿತ್ತು ಬರುತ್ತದೆ. ಉಳಿದ ಮೋಟು ಒಣಗಿ ತಾನೇ ಉದುರುತ್ತದೆ. ಸಿಕೇಟರನ್ನು (ಗಿಡ ಕತ್ತರಿಸುವ ಕತ್ತರಿ) ಮೊದಲೇ ಸ್ಪಿರಿಟ್‌ನಲ್ಲಿ ಒರೆಸಿ.

ದಂಟಿನ ಬುಡದ ಕಂದು ಹೊಟ್ಟು ಕಣ್ಣಿಗೆ, ಗಂಟಲಿಗೆ ಹೋದರೆ ತುರಿಕೆ. ಕನ್ನಡಕ, ತುಂಬುತೋಳಿನ ಅಂಗಿ, ಮೂಗಿಗೆ ಬಟ್ಟೆ ಇರಲಿ.

ಚುಕ್ಕಿಗಳು ನರದ ಎರಡೂ ಬದಿಗೆ ಒಂದೇ ಅಳತೆಯಲ್ಲಿ ಸಾಲಾಗಿದ್ದರೆ ಅದು ಬೀಜಕಣದ ಗುಂಪು, ಔಷಧಿ ಬೇಡ. ಅಡ್ಡಾದಿಡ್ಡಿಯಾಗಿದ್ದು, ಉಗುರಿನಿಂದ ಕೆರೆದರೆ ಅಂಟಂಟಾಗಿ ಏಳುವುದು ಶಲ್ಕಕೀಟ, ಎಲೆಗೆ ಅಂಟಿಕೊಂಡು ರಸ ಹೀರುವ ಹುಳ. ಒದ್ದೆ ಬಟ್ಟೆಯಲ್ಲಿ ಒರೆಸಿ ತೆಗೆಯಿರಿ. ಎಣ್ಣೆ ಸೇರಿದ ಔಷಧಿ ಜರಿಗೆ ಆಗದು, ಎಲೆ ಸುಡುತ್ತದೆ.

ಕುಶಾಲನಗರ_ಗಾರ್ಡನ್:
ಮೇಲಿನದ್ದಕ್ಕೆ ಒಂದು ಸೇರಿಸುತ್ತೇನೆ: ಕಾಲ. ಕಾಫಿ ಕಪಾತಿನ ಫೆಬ್ರವರಿ-ಮಾರ್ಚ್ ಇದಕ್ಕೆ ಕೆಟ್ಟ ಸಮಯ. ಆ ಒಣಗಾಳಿಯಲ್ಲಿ ಜೋತುಬಿದ್ದ ಗರಿಗಳೇ ಕಾಂಡಕ್ಕೆ ಹೊದಿಕೆ. ನಮ್ಮ ಬಯಲುಸೀಮೆ ಬದಿಯಲ್ಲಿ ಅದನ್ನು ಬೋಳಿಸಿದರೆ ಬೇರಿನ ಪದರ ಒಣಗಿ, ಹೊಸ ಸುರುಳಿ (ಸುತ್ತಿಕೊಂಡಿರುವ ಎಳೆ ಗರಿ) ಬಿಚ್ಚುವ ಮೊದಲೇ ಮುದುಡುತ್ತದೆ. ನಿಮ್ಮದು ಮಡಿಕೇರಿ, ಜೂನ್‌ನಿಂದ ಮಳೆ ಬಿಡುವುದಿಲ್ಲ. ಅಲ್ಲಿ ಒದ್ದೆ ಗರಿಯ ಅಡಿ ಗಾಳಿಯಾಡದೆ ಕೊಳೆಯುತ್ತದೆ. ಹೂಮಳೆ (ಕಾಫಿ ಹೂ ಅರಳಿಸುವ ಬೇಸಿಗೆ ಮಳೆ), ಅದರ ಹಿಂದೆ ಬರುವ ಹಿಮ್ಮಳೆ ಮುಗಿದು ಮೇ ಕೊನೆಯಲ್ಲಿ ತೆಗೆಯಿರಿ. ಕತ್ತರಿಸಿದ್ದನ್ನು ಎಸೆಯಬೇಡಿ, ಬುಡಕ್ಕೆ 3 ಇಂಚು ಹಾಸಿದರೆ ಒಳ್ಳೆಯ ಮುಚ್ಚಿಗೆ.

ನೆತ್ತಿಯೊಳಗೆ ಸಿಲ್ವರ್ ಓಕ್ ಎಲೆ ತುಂಬಿದ್ದರೆ ಮಳೆಗೆ ಮೊದಲು ಕೈಯಲ್ಲೇ ಆರಿಸಿ. ಸುರುಳಿಗಳನ್ನು ಮುಟ್ಟಬೇಡಿ, ತಟಕ್ಕನೆ ಮುರಿಯುತ್ತವೆ. ಗೊಬ್ಬರವೂ ಬುಡಕ್ಕೇ, ನೆತ್ತಿಗಲ್ಲ.

ಮಡಿಕೇರಿ_ಹಿತ್ತಲು:
ಸರಿ. ಹೆಂಚಿನ ಕಥೆ ಏನು? ಕಿತ್ತು ಬೇರೆ ಕಡೆ ನೆಡಬಹುದೇ? ಆಸ್ಟ್ರೇಲಿಯಾದಲ್ಲಿ ಕಾಂಡ ಕೊಯ್ದು ನೆಡುವ ವಿಡಿಯೋ ನೋಡಿದೆ.

ಜರಿಗಿಡ_ನಾಪೋಕ್ಲು:
ಆ ವಿಡಿಯೋದಲ್ಲಿರುವುದು ಬಹುಶಃ ಡಿಕ್ಸೋನಿಯಾ ಎಂಬ ಬೇರೆ ಬಗೆಯ ಮರಜರಿ. ಅದರ ಕೊಯ್ದ ಕಾಂಡವೂ ಬೇರು ಬಿಡುತ್ತದೆ. ನಮ್ಮ ಕಡೆಯ ಮರಜರಿ ಸಯಾಥಿಯಾ ಬಗೆಯದ್ದು, ಅದು ಸಾಮಾನ್ಯವಾಗಿ ಹಾಗೆ ಬದುಕುವುದಿಲ್ಲ. ಎಂಟು ಅಡಿಯದ್ದನ್ನು ಕೀಳುವುದೂ ಜೂಜೇ. ಹೆಂಚಿಗೆ ತಾಗುವ ಒಂದೆರಡು ಹಸಿರು ಗರಿಯನ್ನು ಮಾತ್ರ ತೆಗೆಯಿರಿ, ಒಂದೇ ಸಲ ಮೂರಕ್ಕಿಂತ ಹೆಚ್ಚು ಬೇಡ. ಕೆಲವು ವರ್ಷದಲ್ಲಿ ನೆತ್ತಿ ಸೂರು ದಾಟಿ ಮೇಲೆ ಹೋಗುತ್ತದೆ, ಆಗ ತಕರಾರು ತಾನಾಗಿ ಕಡಿಮೆಯಾದೀತು. ಪಕ್ಕದ ನೆರಳುಮರದ ಕೊಂಬೆ ಕಡಿಸುವಾಗ ಮಾತ್ರ ನೋಡಿಕೊಳ್ಳಿ. ಒಮ್ಮೆಗೇ ನೇರ ಬಿಸಿಲು ಬಿದ್ದರೆ ಗರಿಯ ಅಂಚೆಲ್ಲ ಸುಟ್ಟು ಕಂದಾಗುತ್ತದೆ, ಅದಕ್ಕೆ ಕತ್ತರಿ ಮದ್ದಲ್ಲ.