ಗೃಹಸಾಲಕ್ಕೆ ಕೊನೆಗೆ ಒಟ್ಟು ಎಷ್ಟು ಕಟ್ಟಬೇಕಾಗುತ್ತದೆ?

ಪ್ರಶ್ನೆ: ವಾರ್ಷಿಕ ಶೇ. 9ರ ಬಡ್ಡಿದರದಲ್ಲಿ ಗೃಹಸಾಲ ಪಡೆಯಬೇಕೆಂದಿದ್ದೇನೆ. ಅವಧಿಯನ್ನು 20 ವರ್ಷದ ಬದಲು 30 ವರ್ಷಕ್ಕೆ ವಿಸ್ತರಿಸಿದರೆ ಮಾಸಿಕ ಕಂತು ಇಳಿಯುತ್ತದೆ ಎಂಬುದು ಗೊತ್ತು. ಆದರೆ ಸಾಲ ತೀರುವ ಹೊತ್ತಿಗೆ ಎಷ್ಟು ಹೆಚ್ಚು ಕಟ್ಟಿರುತ್ತೇನೆ ಎಂಬುದನ್ನು ತಿಳಿದವರು ದಯವಿಟ್ಟು ವಿವರಿಸಬೇಕು.

ಉತ್ತರ 1: ಒಂದು ಲಕ್ಷದ ಸಾಲಕ್ಕೆ 20 ವರ್ಷದ ಕಂತು ಸುಮಾರು 900, 30 ವರ್ಷದ್ದು ಸುಮಾರು 805. ಕಂತು ಕೇವಲ ಶೇ. 11ರಷ್ಟು ತಗ್ಗುತ್ತದೆ, ಒಟ್ಟು ಪಾವತಿ ಮಾತ್ರ 2.16 ಲಕ್ಷದಿಂದ 2.90 ಲಕ್ಷಕ್ಕೆ ಏರುತ್ತದೆ. ಬಡ್ಡಿಯನ್ನು ಬಾಕಿ ಅಸಲಿನ ಮೇಲೆ ಲೆಕ್ಕ ಹಾಕುವುದರಿಂದ, 20 ವರ್ಷದ ಸಾಲದಲ್ಲಿಯೂ ಮೊದಲ ಕಂತಿನ 900ರಲ್ಲಿ 750 ಬಡ್ಡಿಗೇ ಹೋಗಿ, ಅಸಲಿಗೆ ಜಮೆಯಾಗುವುದು ಬರೀ 150. ನನ್ನ ಅಭಿಪ್ರಾಯದಲ್ಲಿ, ಕಂತು ಕಟ್ಟುವ ಶಕ್ತಿಯಿದ್ದರೆ ದೀರ್ಘ ಅವಧಿಯನ್ನು ಆರಿಸಿಕೊಳ್ಳಲೇಬಾರದು.

ಉತ್ತರ 2: 20 ವರ್ಷದ ಸಾಲಕ್ಕೆ ಪ್ರತಿ ವರ್ಷ ಒಂದು ಹೆಚ್ಚುವರಿ ಕಂತನ್ನು ನೇರವಾಗಿ ಅಸಲಿಗೆ ಕಟ್ಟುತ್ತಾ ಹೋದರೆ ಸಾಲ ಸುಮಾರು ಮೂರೂವರೆ ವರ್ಷ ಮೊದಲೇ ತೀರುತ್ತದೆ. ಅದಕ್ಕೆ ಶುಲ್ಕವಿದೆಯೇ ಎಂಬುದನ್ನು ಕರಾರುಪತ್ರದಲ್ಲಿ ಮೊದಲೇ ನೋಡಿಕೊಳ್ಳಿ.

ಉತ್ತರ 3: ಬಡ್ಡಿದರ ಬದಲಾಗುವಂಥದ್ದಾದರೆ ಇನ್ನೊಂದು ಎಚ್ಚರಿಕೆ ಅಗತ್ಯ. ದರ ಏರಿದಾಗ ಕಂತನ್ನು ಹಾಗೆಯೇ ಉಳಿಸಿ ಅವಧಿಯನ್ನು ಹಿಗ್ಗಿಸುವುದುಂಟು. ಆದ್ದರಿಂದ ವರ್ಷಕ್ಕೊಮ್ಮೆಯಾದರೂ ಸಾಲದ ಖಾತೆಯ ವಿವರ ತರಿಸಿ, ಇನ್ನೆಷ್ಟು ಕಂತುಗಳು ಬಾಕಿ ಇವೆ ಎಂದು ಪರಿಶೀಲಿಸಿ.